ಬರೆದ ಕೈ, ಆಡಿದ ಬಾಯಿ

ಕೊಪ್ಪಳದ ಹತ್ತಿರದ ನಮ್ಮ ಗಿಣಿಗೇರಾದ ಗೋಡೆಯ ಮೇಲಿನ ನಾಟಕದ ಪೋಸ್ಟರ್ ಒಂದನ್ನು ಪೂರ್ತಿ ಓದಿ ಮುಗಿಸುವಷ್ಟರಲ್ಲಿ ಕೈಯಲ್ಲಿದ್ದ ಚಹಾ ಆರಿಹೋಗುತ್ತದೆ. ಮೇಲೆ ಊರ ದೇವರು. ದೇವರ ಕೆಳಗೆ ಮಠದ ಸ್ವಾಮಿಗಳು, ಅವರ ಕೆಳಗೆ ಶಾಸಕರು, ಮಾಜಿ ಶಾಸಕರು, ಮುಂದೊಂದು ದಿನ ಶಾಸಕರಾಗಬೇಕೆಂದಿರುವವರು. ನಡುವೆ ದಪ್ಪಕ್ಷರದಲ್ಲಿ ನಾಟಕದ ಹೆಸರು, ಅದರ ಕೆಳಗೆ ‘ಅರ್ಥಾತ್’ ಎಂದು ಹಾಕಿ ಇನ್ನೊಂದು ಹೆಸರು. ಒಂದು ಅಣ್ಣ-ತಂಗಿಯ ಹೆಸರು, ಇನ್ನೊಂದು ಸೇಡಿನ ಹೆಸರು. ಎರಡಕ್ಕೂ ಜನ ಬರುತ್ತಾರೆ. ಎಡಬಲಕ್ಕೆ ಗದಗ, ಹುಬ್ಬಳ್ಳಿ, ಇಳಕಲ್ಲಿನಿಂದ ಬರುವ ನಟಿಯರ ಫೋಟೋ. ಕೆಳಗೆ ಪಾತ್ರಧಾರಿಗಳು, ಸೀನರಿಯವರು, ಮೈಕ್‌ಸೆಟ್‌ನವರು, ಕ್ಯಾಸಿಯೋ ನುಡಿಸುವವರು. ಇವರ ನಡುವೆ ಎಲ್ಲೋ ‘ರಚನೆ: ಕವಿ ಶ್ರೀ’ ಎಂದು ಒಂದು ಸಾಲು.

ಸ್ಟೇಷನ್ ದಾರಿಯ ಒಂದು ಪೋಸ್ಟರಿನಲ್ಲಿ ಕವಿಯ ಹೆಸರೇ ಪಾತ್ರಧಾರಿಗಳ ಪಟ್ಟಿಯಲ್ಲೂ ಇತ್ತು. ಖಳನಾಯಕ ಅವನೇ. ಖಳನಾಯಕನಾಗಿ ಅವನಿಗೆ ಫೋಟೋ ಇದೆ, ಮೀಸೆ ಇದೆ, ಕಪ್ಪು ಕನ್ನಡಕ ಇದೆ. ಕವಿಯಾಗಿ ಕಣ್ಣು ಕಿರಿದು ಮಾಡಿ ಓದಬೇಕಾದ ಅಕ್ಷರ. ಹೋಟೆಲ್ಲಿನವನನ್ನು ಕೇಳಿದೆ, ಇವರು ನಾಟಕ ಬರೆಯುತ್ತಾರೇನು ಅಂತ.

“ಯಾರ್ರೀ, ಇವನೇನ್ರಿ? ಬರಿಯೂದೇನೈತ್ರಿ ಸರ, ಆಡ್ತಾನ ನೋಡ್ರಿ, ಹುಲಿ!”

ಬರೆದವನೂ ಆಡಿದವನೂ ಒಬ್ಬನೇ ಎಂಬುದು ಅವನಿಗೆ ಒಂದು ಸಂಗತಿಯೇ ಆಗಿರಲಿಲ್ಲ. ನನಗೆ ಯಾಕೋ ಆಯಿತು.

*

ಕುಷ್ಟಗಿ ದಾಟಿ ಇಳಕಲ್ಲಿನ ಕಡೆ ಹೋದರೆ ಹುನಗುಂದ ಸೀಮೆ. ‘ರಕ್ತರಾತ್ರಿ’ ಬರೆದ ಕಂದಗಲ್ ಹನುಮಂತರಾಯರು ಅಲ್ಲಿಯವರು. ಅಮೀನಗಡದ ಹತ್ತಿರದ ಸೂಳೇಭಾವಿಯವರು ಪಿ.ಬಿ. ಧುತ್ತರಗಿ. ವೃತ್ತಿ ಕಂಪನಿಗಳ ನಟ, ನಾಟಕಕಾರ. ಪತ್ನಿ ಸರೋಜಮ್ಮ ಕೂಡ ಹೆಸರಾದ ನಟಿ. ‘ಸಂಪತ್ತಿಗೆ ಸವಾಲ್’ ಧುತ್ತರಗಿಯವರ ನಾಟಕ. ಸಾಹುಕಾರಿಕೆಯ ದರ್ಪದೆದುರು ನಿಲ್ಲುವ ಒಬ್ಬ ಒರಟು ಹುಡುಗ, ಸಾಹುಕಾರನ ಮನೆಯ ಸೊಕ್ಕಿನ ಹುಡುಗಿ. ಕಂಪನಿಗಳಲ್ಲಿ ಆಡಿ, ಹಳ್ಳಿಯ ಹವ್ಯಾಸಿಗಳ ಕೈಗೂ ಬಂದ ನಾಟಕ.

1974ರಲ್ಲಿ ಅದು ಅದೇ ಹೆಸರಿನ ಸಿನಿಮಾ ಆಯಿತು. ನಿರ್ದೇಶಕ ಎ.ವಿ. ಶೇಷಗಿರಿ ರಾವ್; ರಾಜಕುಮಾರ್, ಮಂಜುಳಾ, ವಜ್ರಮುನಿ; ಸಂಗೀತ ಜಿ.ಕೆ. ವೆಂಕಟೇಶ್. ಗಿಣಿಗೇರಾದಲ್ಲಿ ಯಾರನ್ನೇ ನಿಲ್ಲಿಸಿ ಕೇಳಿ, ಎಮ್ಮೆ ಮೇಲೆ ಕೂತು ರಾಜಕುಮಾರ್ ಹಾಡುವುದನ್ನು ಹಾಡಿಯೇ ತೋರಿಸುತ್ತಾರೆ. ಆ ಹಾಡು ಬರೆದವರು ಚಿ. ಉದಯಶಂಕರ್ ಎಂದು ಹೇಳುವವರೂ ಸಿಗುತ್ತಾರೆ. ಕಥೆ ಯಾರದು ಎಂದರೆ ಮಾತ್ರ ಗಂಟಲು ಸರಿ ಮಾಡಿಕೊಳ್ಳುತ್ತಾರೆ. ಬಸ್ಸಿನಲ್ಲಿ ಹೊರಟರೆ ಮಧ್ಯಾಹ್ನದ ಊಟದೊಳಗೆ ಮುಟ್ಟಬಹುದಾದ ಊರಿನವರ ಕಥೆ ಇದು.

ಸಿನಿಮಾ ಧುತ್ತರಗಿಯವರ ನಾಟಕವನ್ನು ತೆಗೆದುಕೊಂಡಿತು, ಅವರನ್ನು ಬಿಟ್ಟಿತು. ಇದರಲ್ಲಿ ಮೋಸ ಏನಿಲ್ಲ. ಹೀರೋ ಪಾತ್ರಕ್ಕೆ ರಾಜಕುಮಾರ್ ಇರುವಾಗ ಇನ್ನೊಬ್ಬರ ಮಾತು ಎಲ್ಲಿಂದ ಬಂತು! ಆದರೂ ಒಂದು ವಿಚಿತ್ರ ತಲೆಯಿಂದ ಹೋಗುತ್ತಿಲ್ಲ. 1954ರ ‘ಬೇಡರ ಕಣ್ಣಪ್ಪ’ದಿಂದ ಸುಮಾರು ಇಪ್ಪತ್ತು ವರ್ಷ ತೆರೆಯ ಮೇಲೆ ಮೈ ರಾಜಕುಮಾರರದು, ಹಾಡುವ ದನಿ ಹೆಚ್ಚಾಗಿ ಪಿ.ಬಿ. ಶ್ರೀನಿವಾಸರದು. ‘ಓಹಿಲೇಶ್ವರ’, ‘ಮಹಿಷಾಸುರ ಮರ್ದಿನಿ’ಗಳಲ್ಲಿ ಒಂದಿಷ್ಟು ಹಾಡಿದ್ದರಾದರೂ ರಾಜಕುಮಾರ್ ತಮ್ಮ ಹಾಡನ್ನು ತಾವೇ ಹಾಡುವ ರೂಢಿ ನೆಲೆಯೂರಿದ್ದು ‘ಸಂಪತ್ತಿಗೆ ಸವಾಲ್’ನ ಆ ಹಾಡಿನಿಂದ. ಗುಬ್ಬಿ ಕಂಪನಿಯಲ್ಲಿ ಬೆಳೆದವರು ಅವರು. ಅಲ್ಲಿ ಹಾಡಲು ಬಾರದವನಿಗೆ ಪಾರ್ಟು ಸಿಗುತ್ತಿರಲಿಲ್ಲ. ಅಂದರೆ ಕಂಪನಿಯ ನಾಟಕವೊಂದು ಸಿನಿಮಾ ಆದಾಗ ಕಂಪನಿಯ ನಟನೊಬ್ಬನಿಗೆ ಅವನ ದನಿ ವಾಪಸು ಸಿಕ್ಕಿತು, ಅದೇ ಹೊತ್ತಿಗೆ ಆ ನಾಟಕ ಬರೆದ ನಟನ ಮೈ ಆಚೆ ಉಳಿಯಿತು. ಯಾರೂ ಯೋಜಿಸಿ ಮಾಡಿದ್ದಲ್ಲ. ಕಾಕತಾಳೀಯ ಅಂತ ಬರೆದು ಗೆರೆ ಎಳೆಯಬಹುದು. ಎಳೆದಿಲ್ಲ.

*

ಇದರ ತಿರುವು ಮುರುವು ರಾಜು ತಾಳಿಕೋಟೆ.

ವಿಜಯಪುರ ಜಿಲ್ಲೆಯ ಚಿಕ್ಕಸಿಂದಗಿಯವರು. ಹೆಸರು ರಾಜೇಸಾಬ. ತಾಳಿಕೋಟೆಯ ಖಾಸ್ಗತೇಶ್ವರ ನಾಟ್ಯ ಸಂಘದವರಾದ್ದರಿಂದ ಊರೇ ಅಡ್ಡಹೆಸರಾಯಿತು. ಮುಸಲ್ಮಾನರ ಮನೆಯ ನಟ, ಕಂಪನಿಯ ಹೆಸರಿನಲ್ಲಿ ವೀರಶೈವ ಮಠದ ಖಾಸ್ಗತಜ್ಜ. ಈ ಸೀಮೆಯಲ್ಲಿ ಇದನ್ನು ಯಾರೂ ವಿಶೇಷವೆಂದು ಎತ್ತಿ ಹೇಳುತ್ತಿರಲಿಲ್ಲ, ಈಗೀಗ ಹೇಳಬೇಕಾಗಿ ಬಂದಿದೆ. ‘ಕಲಿಯುಗದ ಕುಡುಕ’ ನಾಟಕ ಅವರನ್ನು ಮನೆಮನೆಗೆ ಮುಟ್ಟಿಸಿತು. ನೋಡಿದವರಿಗಿಂತ ಕೇಳಿದವರು ಹೆಚ್ಚಿರಬೇಕು. ಟೆಂಪೋದಲ್ಲಿ, ಟ್ರ್ಯಾಕ್ಟರಿನಲ್ಲಿ, ಕಬ್ಬಿನ ಗಾಡಿಯಲ್ಲಿ, ಹೇರ್‌ಕಟಿಂಗ್ ಅಂಗಡಿಯಲ್ಲಿ ಆ ಕ್ಯಾಸೆಟ್ಟು ತಿರುಗಿ ತಿರುಗಿ ಸವೆದದ್ದು. ಬರೀ ದನಿಯಲ್ಲೇ ಕುಡುಕನ ಓಲಾಟ ಕಾಣುತ್ತಿತ್ತು.

ಕಂಪನಿಯ ಕಾಮಿಕ್ ನಟ ಬರೆದುಕೊಟ್ಟದ್ದನ್ನು ಒಪ್ಪಿಸಿ ಒಳಗೆ ಹೋಗುವವನಲ್ಲ. ಹಸ್ತಪ್ರತಿಯಲ್ಲಿ ಅವನ ಭಾಗಕ್ಕೆ ಬಂದಾಗ ಸಾಲುಗಳು ತೆಳುವಾಗುತ್ತವೆ. ಉಳಿದದ್ದು ಅವನ ಪಾಲಿನ ಹೊಲ, ಏನು ಬೇಕಾದರೂ ಬಿತ್ತಬಹುದು. ಆ ಊರಿನ ರಸ್ತೆ, ಆ ವಾರದ ಸಂತೆ, ಮುಂದಿನ ಸಾಲಿನಲ್ಲಿ ಕೂತ ಗೌಡರ ಹೊಸ ಮೊಬೈಲು, ಎಲ್ಲಾ ಒಳಗೆ ಬರುತ್ತವೆ. ಹಾಗಾದರೆ ಅವನು ನಟನೋ ಬರಹಗಾರನೋ? ಪ್ರತಿ ರಾತ್ರಿ ಜನರ ಎದುರಿಗೇ ಬರೆದು, ಬೆಳಗಾಗುವುದರೊಳಗೆ ಅಳಿಸಿಹಾಕುವ ಬರಹಗಾರ ಅಂತ ನನ್ನ ಲೆಕ್ಕ.

ಸಿನಿಮಾ ಇವರನ್ನು ಕರೆದದ್ದು ಬಾಯಿಗೆ. ಯೋಗರಾಜ್ ಭಟ್ಟರ ‘ಮನಸಾರೆ’ (2009), ‘ಪಂಚರಂಗಿ’ (2010), ಆಮೇಲೆ ‘ಮೈನಾ’ (2013). ಬೆಂಗಳೂರಿನ ಥೇಟರಿನಲ್ಲಿ ಜನ ನಕ್ಕದ್ದು ಅವರ ವಿಜಯಪುರದ ಮಾತಿಗೆ. ಆ ಮಾತನ್ನು ಹುಟ್ಟಿಸುವ ಕಸುಬನ್ನು, ಒಂದು ದೃಶ್ಯವನ್ನು ಜನ ಹಿಡಿದು ಕೂರುವಂತೆ ಎಳೆದು ಕಟ್ಟುವ ಲೆಕ್ಕಾಚಾರವನ್ನು ಸಿನಿಮಾದವರು ಕೇಳಿದಂತಿಲ್ಲ. ಎರಡು ನಿಮಿಷ ಬಂದು ನಗಿಸಿ ಹೋಗಿ ಅಂದರು. ಅವರೂ ಹೋಗಿ ಬಂದರು. ಬಿಗ್ ಬಾಸ್ ಮನೆಗೂ ಹೋಗಿ ಬಂದರು. ಕೊನೆಗೆ ಧಾರವಾಡ ರಂಗಾಯಣದ ನಿರ್ದೇಶಕರಾದರು. 2025ರ ಅಕ್ಟೋಬರ್ 13ರಂದು ಉಡುಪಿ ಕಡೆ ಸಿನಿಮಾ ಚಿತ್ರೀಕರಣಕ್ಕೆ ಹೋಗಿದ್ದಾಗ ಹೃದಯಾಘಾತವಾಗಿ ಮಣಿಪಾಲದಲ್ಲಿ ತೀರಿಕೊಂಡರು.

ಧುತ್ತರಗಿಯವರಿಂದ ಕೈ, ತಾಳಿಕೋಟೆಯವರಿಂದ ಬಾಯಿ. ಇಬ್ಬರನ್ನೂ ಇಡಿಯಾಗಿ ಕೇಳಲಿಲ್ಲ ಯಾಕೆ?

*

ಇಡಿಯಾಗಿ ಕೇಳಿದ್ದಕ್ಕೆ ದೂರದ ಉದಾಹರಣೆ ಒಂದಿದೆ. ಸ್ಲೊವಾಕಿಯಾ ಸುಮಾರು 54 ಲಕ್ಷ ಜನರ ದೇಶ, ಕರ್ನಾಟಕದ ಹತ್ತರಲ್ಲೊಂದು ಪಾಲೂ ಇಲ್ಲ. ಅಲ್ಲಿ ರಾದೋಶಿನಾ ಅಂತ ಒಂದು ಹಳ್ಳಿ. ಸ್ತಾನಿಸ್ಲಾವ್ ಶ್ಟೆಪ್ಕಾ ಎಂಬ ತರುಣ 1963ರಲ್ಲಿ ಊರಿನ ಹವ್ಯಾಸಿಗಳನ್ನು ಕೂಡಿಸಿ ನಾಟಕದ ತಂಡ ಕಟ್ಟಿದ. ನಾಟಕ ತಾನೇ ಬರೆದ, ತಾನೇ ಆಡಿದ. ತಂಡದ ಹೆಸರಿನಲ್ಲಿ ಊರ ಹೆಸರನ್ನು ಉಳಿಸಿಕೊಂಡೇ ರಾಜಧಾನಿ ಬ್ರಾತಿಸ್ಲಾವಾಕ್ಕೆ ಹೋದ. ಅವರ ದೇಶದ ಬಂಡುಕೋರ ಯಾನೋಶಿಕ್; 1713ರಲ್ಲಿ ಅವನನ್ನು ಕೊಂದರು. ಶ್ರೀಮಂತರಿಂದ ಕಿತ್ತು ಬಡವರಿಗೆ ಕೊಟ್ಟನೆಂದು ಲಾವಣಿ ಕಟ್ಟಿಸಿಕೊಂಡವನು. ಶ್ಟೆಪ್ಕಾ 1970ರಲ್ಲಿ ಅವನ ಮೇಲೆ ಒಂದು ಅಣಕು ನಾಟಕ ಬರೆದ. ಜನ ಬಡಿಯಲಿಲ್ಲ, ನಕ್ಕರು. ನಮ್ಮಲ್ಲಿ 1831ರಲ್ಲಿ ನಂದಗಡದಲ್ಲಿ ಗಲ್ಲಿಗೇರಿದ ಸಂಗೊಳ್ಳಿ ರಾಯಣ್ಣನ ನಾಟಕ ಜಾತ್ರೆಜಾತ್ರೆಗೆ ಆಡುತ್ತಾರೆ. ಅವನ ಮೇಲೆ ಅಣಕು ಬರೆಯುವ ಕವಿ ಗಿಣಿಗೇರಾದಲ್ಲಿ ಇನ್ನೂ ಹುಟ್ಟಿಲ್ಲ. ಹುಟ್ಟದಿರುವುದೇ ಅವನ ಆರೋಗ್ಯಕ್ಕೆ ಒಳ್ಳೆಯದು.

ಅದೇ ದೇಶದ ಪೂರ್ವದ ತುದಿಯ ಹೆಣ್ಣುಮಗಳು ಮಿಲ್ಕಾ ಜಿಮ್ಕೋವಾ, ಹುಟ್ಟಿದ್ದು 1951. ನಟಿ, ಕಥೆಗಾರ್ತಿ, ಒಬ್ಬಳೇ ನಿಂತು ಆಡುವ ಪ್ರದರ್ಶನಗಳನ್ನು ಊರೂರಿಗೆ ಒಯ್ದವಳು. ಅವಳ ಕಥೆಯನ್ನು ಹಿರಿಯ ನಿರ್ದೇಶಕ ಶ್ಟೆಫಾನ್ ಉಹೇರ್ 1982ರಲ್ಲಿ ಸಿನಿಮಾ ಮಾಡಿದ. ಹೆಸರು ‘ಕಾಂಕ್ರೀಟಿನ ಮೇಲೆ ಕುದುರೆ ಮೇಯಿಸಿದಳು’ ಎಂದಾಗುತ್ತದೆ. ಮದುವೆಯಾಗದೆ ತಾಯಿಯಾದ ಹಳ್ಳಿಯ ಹೆಂಗಸು ಯೊಹಾನಾ, ಬೆಳೆದು ಅದೇ ದಾರಿ ಹಿಡಿಯುವ ಮಗಳು, ಸುತ್ತ ಊರಿನ ಬಾಯಿ. ಉಹೇರ್ ಕಥೆಯನ್ನಷ್ಟೇ ಕೊಳ್ಳಲಿಲ್ಲ. ಚಿತ್ರಕಥೆಗೆ ಅವಳನ್ನೇ ಜೊತೆಗೆ ಕೂರಿಸಿಕೊಂಡ, ಯೊಹಾನಾ ಪಾತ್ರವನ್ನೂ ಅವಳಿಗೇ ಕೊಟ್ಟ. ಅದಕ್ಕೂ ಹೆಚ್ಚಾಗಿ ಇಡೀ ಸಿನಿಮಾವನ್ನು ಅವಳ ಸೀಮೆಯ ಶಾರಿಶ್ ಆಡುಮಾತಿನಲ್ಲೇ ಬಿಟ್ಟ. ರಾಜಧಾನಿಯ ಜನ ಕಿವಿ ನಿಮಿರಿಸಿ ಕೇಳಬೇಕಾಯಿತು, ಕೇಳಿದರು, ಮೆಚ್ಚಿದರು.

ಸರ್ಕಾರಿ ಸ್ಟುಡಿಯೋದ ಕಾಲ ಅದು, ಟಿಕೆಟ್ ಮಾರಾಟದ ಭಯ ಅಷ್ಟಿರಲಿಲ್ಲ ಅನ್ನಬಹುದು. ಭಯ ಬೇರೆ ತರದ್ದಿತ್ತು ಎಂಬುದೂ ನಿಜ. ಆದರೂ ಕೈ ಬಾಯಿ ಎರಡೂ ಒಬ್ಬರಲ್ಲೇ ಉಳಿದು ಸಿನಿಮಾ ತಲುಪಿದ ಉದಾಹರಣೆ ಕಣ್ಣೆದುರಿಗಿದೆ.

*

ನಮ್ಮಲ್ಲಿ ಯಾಕೆ ಹಾಗಾಗಲಿಲ್ಲ? ಮೊದಲ ಊಹೆ: ಕೈ ಬಾಯಿ ಎರಡನ್ನೂ ಒಯ್ಯುವ ಅವಕಾಶ ತುಂಗಭದ್ರೆಯ ಆಚೆಯವರಿಗೆ ಸಿಕ್ಕಿತು, ಈಚೆಯವರಿಗೆ ಸಿಗಲಿಲ್ಲ.

ಮೇಲುನೋಟಕ್ಕೆ ಕೂಡಿಬರುತ್ತದೆ. ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ (1934) ಬರೆದವರು ಕಂಪನಿಗಳಿಗೆ ನಾಟಕ ಬರೆಯುತ್ತಿದ್ದ ಬೆಳ್ಳಾವೆ ನರಹರಿ ಶಾಸ್ತ್ರಿಗಳು. ಅದರಲ್ಲಿ ರಾವಣನ ಪಾತ್ರ ಮಾಡಿ ಸಂಗೀತವನ್ನೂ ನೋಡಿಕೊಂಡವರು ಆರ್. ನಾಗೇಂದ್ರರಾಯರು. ಆಮೇಲೆ ಜಿ.ವಿ. ಅಯ್ಯರ್. 1917ರಲ್ಲಿ ನಂಜನಗೂಡಿನಲ್ಲಿ ಹುಟ್ಟಿ, ಗುಬ್ಬಿ ಕಂಪನಿ ಸೇರಿ, ‘ಬೇಡರ ಕಣ್ಣಪ್ಪ’ದಲ್ಲಿ ಬರೆದು ನಟಿಸಿ, 1960ರ ‘ರಣಧೀರ ಕಂಠೀರವ’ವನ್ನು ರಾಜಕುಮಾರ್, ಬಾಲಕೃಷ್ಣ, ನರಸಿಂಹರಾಜು ಜೊತೆ ಕೂಡಿ ನಿರ್ಮಿಸಿ, ‘ಹಂಸಗೀತೆ’ (1975) ಮಾಡಿ, 1983ರಲ್ಲಿ ‘ಆದಿ ಶಂಕರಾಚಾರ್ಯ’ವನ್ನು ಸಂಸ್ಕೃತದಲ್ಲೇ ತೆಗೆದು ರಾಷ್ಟ್ರಪ್ರಶಸ್ತಿ ತಂದ ಬರಿಗಾಲಿನ ಮನುಷ್ಯ. ಎಲ್ಲರೂ ಆಚೆಯವರು. ಬೆಂಗಳೂರು, ಮೈಸೂರು, ಮದರಾಸು ಅವರಿಗೆ ಹತ್ತಿರ.

ಈಚೆಯವರ ದಿಕ್ಕು ಬೇರೆ ಇತ್ತು. ಬೀಳಗಿಯ ಅಮೀರಬಾಯಿ ಮುಂಬಯಿಗೆ ಹೋಗಿ ‘ಕಿಸ್ಮತ್’ (1943) ಹಾಡಿದರು. ಹುಬ್ಬಳ್ಳಿ ಕಡೆಯ ಶಾಂತಾ ಹುಬಳೀಕರ್ ಪುಣೆಯ ಪ್ರಭಾತ್ ಕಂಪನಿಯ ‘ಮಾಣೂಸ್’ನಲ್ಲಿ (1939) ಮೆರೆದರು. ‘ಸತಿ ಸುಲೋಚನಾ’ ಚಿತ್ರೀಕರಣವಾದದ್ದೇ ಕೊಲ್ಹಾಪುರದಲ್ಲಿ. ಬೆಂಗಳೂರಿನವರು ನಮ್ಮ ಊರುಗಳನ್ನು ರೈಲಿನ ಕಿಟಕಿಯಲ್ಲಿ ನೋಡಿಕೊಂಡು ಹೋಗಿರಬೇಕು. ಕೊಪ್ಪಳವಂತೂ ಆಗ ನಿಜಾಮರ ರಾಜ್ಯದಲ್ಲಿ, ಕಚೇರಿಯಲ್ಲಿ ಉರ್ದು, ಮನೆಯಲ್ಲಿ ಕನ್ನಡ. ಇಲ್ಲಿಂದ ಮದರಾಸಿನ ಸ್ಟುಡಿಯೋದವರೆಗೆ ಚಿತ್ರಕಥೆ ಹೊತ್ತುಕೊಂಡು ಯಾರು ಹೋಗಬೇಕು?

ಊಹೆ ಚೆನ್ನಾಗಿದೆ, ಗಿರೀಶ ಕಾರ್ನಾಡರು ಅಡ್ಡ ಬರುವ ತನಕ.

ಧಾರವಾಡದಲ್ಲಿ ಬೆಳೆದವರು. 1970ರ ‘ಸಂಸ್ಕಾರ’ಕ್ಕೆ ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯನಾಗಿ ನಟಿಸಿದರು, ನಾರಣಪ್ಪನಾಗಿ ಇನ್ನೊಬ್ಬ ಬರಹಗಾರ ಲಂಕೇಶ್. ಮದರಾಸಿನ ಸೆನ್ಸಾರಿನವರು ಮೊದಲು ತಡೆದರು, ಮುಂದೆ ಅದಕ್ಕೇ ರಾಷ್ಟ್ರಪತಿಗಳ ಸ್ವರ್ಣಪದಕ. ಬೆನೆಗಲ್ಲರ ‘ಭೂಮಿಕಾ’ (1977) ಚಿತ್ರಕಥೆಗೆ ಬೆನೆಗಲ್, ಸತ್ಯದೇವ ದುಬೆ ಜೊತೆ ಕಾರ್ನಾಡರಿಗೂ ರಾಷ್ಟ್ರಪ್ರಶಸ್ತಿ. 1990ರ ‘ಸಂತ ಶಿಶುನಾಳ ಶರೀಫ’ದಲ್ಲಿ ಗೋವಿಂದಭಟ್ಟರಾಗಿ ಇದೇ ಸೀಮೆಯ ಮಾತನ್ನಾಡಿದರು. ಬೆಳಗಾವಿ ಜಿಲ್ಲೆಯ ಘೋಡಗೇರಿಯ ಚಂದ್ರಶೇಖರ ಕಂಬಾರರೂ ತಮ್ಮ ‘ಕರಿಮಾಯಿ’, ‘ಕಾಡುಕುದುರೆ’ಗಳನ್ನು ತಾವೇ ತೆರೆಗೆ ತಂದರು. ನದಿಯ ಲೆಕ್ಕ ತಪ್ಪಿತು.

ಎರಡನೆಯ ಊಹೆ: ಇಂಗ್ಲಿಷು, ಕಾಲೇಜು, ಪುಸ್ತಕ ಇದ್ದವರಿಗೆ ಎರಡೂ ದಕ್ಕಿತು. ಕಾರ್ನಾಡ್, ಲಂಕೇಶ್, ಕಂಬಾರರಿಗೆ ಹೊಂದುತ್ತದೆ. ಕಂಪನಿಯ ಧೂಳಿನಲ್ಲಿ ಬೆಳೆದ ಅಯ್ಯರ್ ಒಬ್ಬರೇ ಇದನ್ನೂ ಕೆಡಿಸಿಬಿಡುತ್ತಾರೆ.

ಮೂರನೆಯದು ನನಗೆ ಸ್ವಲ್ಪ ನಂಬಿಕೆ ಇರುವ ಊಹೆ, ಇದು ಹೊಟ್ಟೆಪಾಡಿನದು. ಅಯ್ಯರ್ ಕಂಪನಿ ಬಿಟ್ಟು ಹೋದವರು. ತಾಳಿಕೋಟೆಯವರು ಬಿಡದವರು. ಕಂಪನಿ ಎಂದರೆ ಕ್ಯಾಂಪು. ಬಾದಾಮಿ ಬನಶಂಕರಿ ಜಾತ್ರೆಯಲ್ಲಿ ಸಾಲಾಗಿ ಟೆಂಟುಗಳು ಏಳುತ್ತವಲ್ಲ, ಒಂದೊಂದರ ಹಿಂದೆಯೂ ಒಂದು ಸಂಸಾರ: ನಟರು, ನಟಿಯರು, ಪೇಟಿ ಮಾಸ್ತರು, ಪರದೆ ಎಳೆಯುವವನು, ಅಡುಗೆಯವಳು, ಜೋಳಿಗೆಯಲ್ಲಿ ಮಲಗಿದ ಕೂಸು. ದಿನಕ್ಕೆ ಎರಡು ಮೂರು ಆಟ. ಮಾಲೀಕ ಇಲ್ಲದ ದಿನ ಗಲ್ಲಾ ಪೆಟ್ಟಿಗೆ ಸೊರಗುತ್ತದೆ. ಇಂಥವನು ಬೆಂಗಳೂರಿನ ಹೋಟೆಲ್ ರೂಮಿನಲ್ಲಿ ತಿಂಗಳುಗಟ್ಟಲೆ ಕೂತು ಚಿತ್ರಕಥೆ ಚರ್ಚೆ ಮಾಡಲು ಸಾಧ್ಯವೇ? ನಾಲ್ಕು ದಿನ ಹೋಗಿ ಪಾತ್ರ ಮಾಡಿ ಬರಬಹುದು. ಬರೆದಿಟ್ಟ ನಾಟಕ ಇದ್ದರೆ ಹಕ್ಕು ಕೊಟ್ಟು ಕಳಿಸಬಹುದು. ಒಂದೋ ಬಾಯಿ ಹೋಗುತ್ತದೆ, ಇಲ್ಲ ಕೈಬರಹ ಹೋಗುತ್ತದೆ. ಪೂರಾ ಮನುಷ್ಯ ಹೋದರೆ ಕಂಪನಿ ಮುಳುಗುತ್ತದೆ.

ಸರಿ ಕಾಣುತ್ತದೆ. ಆದರೆ ಜಿಮ್ಕೋವಾಳ ವಿಷಯಕ್ಕೆ ಇದು ಉತ್ತರ ಕೊಡುವುದಿಲ್ಲ. ಅವಳು ತನ್ನ ಆಡುಮಾತನ್ನು ಒಯ್ದು ಚಿತ್ರಕಥೆಯ ಮೇಜಿಗೇ ಹಾಕಿದಳು. ನಮ್ಮ ಕಡೆಯ ಮಾತು ಸಿನಿಮಾಕ್ಕೆ ಹೋದಾಗಲೆಲ್ಲ ಕುಡುಕನ ಬಾಯಲ್ಲಿ, ಅಡುಗೆಯವನ ಬಾಯಲ್ಲಿ, ಹೊಸದಾಗಿ ಪ್ಯಾಟಿಗೆ ಬಂದವನ ಬಾಯಲ್ಲಿ ಹೋಗುತ್ತದೆ. ಪ್ರೀತಿಸುವ ಹುಡುಗ ಮಾತ್ರ ಊರು ಯಾವುದೇ ಇರಲಿ ಮೈಸೂರಿನ ಕಡೆಯವನ ಹಾಗೆ ಮಾತಾಡುತ್ತಾನೆ. ಇದಕ್ಕೆ ಕ್ಯಾಂಪಿನ ಗಲ್ಲಾ ಪೆಟ್ಟಿಗೆ ಕಾರಣ ಆಗಲಾರದು.

*

ಮೊರನಾಳ ನಮ್ಮ ಕೊಪ್ಪಳ ತಾಲ್ಲೂಕಿನ ಊರು. ಅಲ್ಲಿಯ ತೊಗಲುಗೊಂಬೆಯ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು. ಆಗ ಅವರ ವಯಸ್ಸು ತೊಂಬತ್ತಾರು. ರಾಮಾಯಣ, ಮಹಾಭಾರತ ಆಡಿಸಿಕೊಂಡು ಹಲವು ದೇಶ ಸುತ್ತಿ ಬಂದ ಅಜ್ಜಿ. ಪರದೆಯ ಹಿಂದೆ ಒಬ್ಬರೇ ರಾವಣ, ಒಬ್ಬರೇ ಸೀತೆ. ನಡುನಡುವೆ ಹಾಸ್ಯದ ಜೋಡಿ ಕಿಳ್ಳೇಕ್ಯಾತ-ಬಂಗಾರಕ್ಕ ಬಂದು ನಿನ್ನೆ ಮೊನ್ನೆಯ ಸುದ್ದಿ ಎತ್ತಿ ನಗಿಸುತ್ತಾರೆ.

ಪದ್ಮ ಪ್ರಶಸ್ತಿಯ ಪಟ್ಟಿಯಲ್ಲಿ ಅವರು ಕಲೆಯ ವಿಭಾಗದಲ್ಲಿದ್ದಾರೆ. ಸಾಹಿತ್ಯಕ್ಕೆ ಬೇರೆ ವಿಭಾಗ ಇದೆ. ಅಜ್ಜಿಯ ಆಟಕ್ಕೆ ಬರೆದ ಪ್ರತಿ ಇಲ್ಲ, ಆದ್ದರಿಂದ ಬರೆದವರೂ ಇಲ್ಲ ಎಂದು ಗುಮಾಸ್ತನ ತರ್ಕ. ಇಲ್ಲಿ ಕೈ ಗೊಂಬೆಯ ಕೋಲು ಹಿಡಿದಿದೆ, ಬಾಯಿ ಅದಕ್ಕೆ ಜೀವ ಕೊಡುತ್ತಿದೆ, ಎರಡನ್ನೂ ಬೇರೆ ಮಾಡಲು ಯಾರಿಗೂ ಆಗಿಲ್ಲ. ಪರದೆ ಮಾತ್ರ ಮುಖವನ್ನೇ ಮರೆ ಮಾಡಿತು.

*

ನಟಿಯರ ಬಗ್ಗೆ ಬರೆದುಕೊಳ್ಳದಿದ್ದರೆ ಈ ಟಿಪ್ಪಣಿ ಕುಂಟುತ್ತದೆ.

ಹಳ್ಳಿ ನಾಟಕಕ್ಕೆ ಊರ ಹುಡುಗರು ಎರಡು ತಿಂಗಳು ತಾಲೀಮು ಮಾಡುತ್ತಾರೆ. ಮಾಸ್ತರು ಪೇಟಿ ಹಿಡಿದು ಬೈದು ಬೈದು ಕಲಿಸುತ್ತಾರೆ. ನಟಿಯರು ಬರುವುದು ನಾಟಕದ ದಿನ ಮಧ್ಯಾಹ್ನ, ಬಸ್ಸಿಳಿದು, ಕೈಯಲ್ಲಿ ಮೇಕಪ್ಪಿನ ಡಬ್ಬಿ ಸೀರೆಯ ಬ್ಯಾಗು. ಅದೇ ನಾಟಕವನ್ನು ಅವರು ಇನ್ನೆಷ್ಟೋ ಊರಲ್ಲಿ ಆಡಿರುತ್ತಾರೆ. ಗ್ರೀನ್‌ರೂಮು ಎಂಬ ಶಾಲೆಯ ಕೋಣೆಯಲ್ಲಿ ಹುಡುಗರನ್ನು ಕೂರಿಸಿಕೊಂಡು, ಇಲ್ಲಿ ಈ ಮಾತು ಬಿಡ್ರಿ, ಜನ ಏಳ್ತಾರ, ಇಲ್ಲಿ ಅಳೂದು ಸ್ವಲ್ಪ ಜಗ್ಗ್ರಿ, ಇಲ್ಲಿ ಹಾಡು ಮುಂದ ಹಾಕ್ರಿ ಎಂದು ಇಡೀ ನಾಟಕವನ್ನೇ ಸರಿ ಮಾಡುತ್ತಾರೆ. ಕವಿ ಅಲ್ಲೇ ಮೀಸೆ ಅಂಟಿಸಿಕೊಳ್ಳುತ್ತ ಕೂತಿರುತ್ತಾನೆ. “ಹೌದಕ್ಕ, ಹೌದಕ್ಕ” ಅನ್ನುತ್ತಾನೆ.

ಒಬ್ಬಾಕೆಯನ್ನು ಕೇಳಿದೆ, ನೀವ್ಯಾಕೆ ಒಂದು ನಾಟಕ ಬರೆಯಬಾರದು ಅಂತ. ನನ್ನನ್ನು ಮೇಲಿನಿಂದ ಕೆಳಗೆ ನೋಡಿದರು. “ಬರದ್ರ ಹೆಸರು ಎಲ್ಲಿ ಹಾಕ್ತಾರ್ರಿ? ಫೋಟೋದ ಮ್ಯಾಲೋ, ಕೆಳಗೋ?” ಅಂದರು. ತಮಾಷೆಗೆ ಅಂದರೋ ನಿಜಕ್ಕೋ ಗೊತ್ತಾಗಲಿಲ್ಲ. ಅಷ್ಟರಲ್ಲಿ ಒಳಗಿನಿಂದ ಕರೆ ಬಂತು.

ಸರೋಜಮ್ಮ ಧುತ್ತರಗಿಯವರು ಗಂಡನ ನಾಟಕಗಳಲ್ಲಿ ಎಷ್ಟು ಮಾತನ್ನು ಹೀಗೆ ತಿದ್ದಿರಬಹುದು? ರಂಗದ ಮೇಲೆ ಆಡಿ ಆಡಿ ನುಣುಪಾದ ಮಾತಿಗೆ ಒಡೆಯರು ಯಾರು ಎಂದು ಯಾವ ಪುಸ್ತಕದ ಮೊದಲ ಪುಟದಲ್ಲೂ ಇರುವುದಿಲ್ಲ.

*

ನಾಟಕದ ರಾತ್ರಿ. ರೈಲು ಹೋಗುವಾಗ ಡೈಲಾಗು ನಿಲ್ಲಿಸಬೇಕು, ಅದು ಇಲ್ಲಿಯ ಪದ್ಧತಿ. ಗುಂತಕಲ್ ಕಡೆಯ ಗೂಡ್ಸು ಉದ್ದದ್ದಿದ್ದರೆ ಖಳನಾಯಕ ಎತ್ತಿದ ಕತ್ತಿಯನ್ನು ಎತ್ತಿದಂತೆಯೇ ಹಿಡಿದು ಕಾಯುತ್ತಾನೆ. ಕಾರಟಗಿ-ಸಿಂಧನೂರಿನ ಹೊಸ ಹಳಿ ಇಲ್ಲಿಂದಲೇ ಕವಲೊಡೆದ ಮೇಲೆ ಕಾಯುವುದು ಇನ್ನಷ್ಟು.

ಪ್ರಾಂಪ್ಟರ್ ಪಕ್ಕದ ಪರದೆಯ ಹಿಂದೆ ಬ್ಯಾಟರಿ ಹಿಡಿದು ಪುಸ್ತಕ ಓದುತ್ತಿದ್ದ. ನಾನು ಅವನ ಹತ್ತಿರವೇ ಜಾಗ ಹಿಡಿದಿದ್ದೆ, ಬರೆದದ್ದು ಎಷ್ಟು ಆಡುವುದು ಎಷ್ಟು ಎಂದು ನೋಡಲು. ತಾಯಿಯ ದೃಶ್ಯದಲ್ಲಿ ಅಕ್ಷರ ಬಿಡದೆ ಪುಸ್ತಕ. ಖಳನಾಯಕ ಬಂದಾಗ ಮುಕ್ಕಾಲು ಪುಸ್ತಕ. ಅವನೇ ಬರೆದದ್ದಾದರೂ ತನ್ನ ಸಾಲನ್ನು ತಾನೇ ಮರೆತು ಪ್ರಾಂಪ್ಟರ್ ಕಡೆ ಕಣ್ಣು ಹಾಯಿಸುತ್ತಿದ್ದ. ಕಾಮಿಕ್ ಜೋಡಿ ಬಂದದ್ದೇ ಪ್ರಾಂಪ್ಟರ್ ಪುಸ್ತಕ ಮುಚ್ಚಿ ಎಲೆ ಅಡಿಕೆ ತೆಗೆದ.

“ಮದಿವಿಯಾಗಿ ಬಂದಾಗ ನಾ ಬೆಳ್ಳಗಿದ್ದೆ, ಈಗ ನೋಡ್ರಿ,” ಅಂದಳು ಅವಳು. “ಕಾರ್ಖಾನಿ ಧೂಳ ಅದು, ತೊಳದ್ರ ಹೋಕ್ಕೈತಿ,” ಅಂದ ಅವನು. “ತೊಳಿಯಾಕ ನೀರು?” ಎಂದಳು. ಅಲ್ಲಿಗೆ ಶುರುವಾದ ನಗೆ ನಿಲ್ಲಲಿಲ್ಲ. ಹಿಂದುಗಡೆ ಉಕ್ಕಿನ ಕಾರ್ಖಾನೆಯ ಬಿಹಾರಿ ಹುಡುಗರ ಗುಂಪು. ಅವರಲ್ಲೊಬ್ಬ ಕನ್ನಡ ಬಲ್ಲವನು ಹಿಂದಿಯಲ್ಲಿ ಹೇಳುತ್ತಿದ್ದ. ಊರವರ ನಗೆ ಮುಗಿದ ಮೇಲೆ ಅವರ ನಗೆ ಬರುತ್ತಿತ್ತು, ಅದನ್ನು ಕೇಳಿ ಊರವರು ಮತ್ತೆ ನಗುತ್ತಿದ್ದರು. ಕಾಮಿಕ್‌ನವನು ಅದನ್ನೂ ಹಿಡಿದ. ಮುಂದಿನ ಮಾತಿಗೆ ಮೊದಲು ಕಿವಿಗೆ ಕೈ ಹಚ್ಚಿ ಎರಡನೆಯ ನಗೆಗೆ ಕಾಯತೊಡಗಿದ. ಸ್ಟೇಜಿನ ಮೇಲೆ ಅವನಿಗೆ ಆಹೇರಿಯ ನೋಟುಗಳು ಬಂದವು, ಮೈಕಿನಲ್ಲಿ ಕೊಟ್ಟವರ ಹೆಸರು ಕೂಗಿದರು. ಕವಿಗೆ ಒಂದು ಶಾಲು ಹೊದಿಸಿದರು, ಖಳನಾಯಕನ ವೇಷದಲ್ಲೇ. ಯಾವ ಕೆಲಸಕ್ಕೆ ಎಂದು ಹೇಳಲಿಲ್ಲ.

*

ಕುಕನೂರು ಕಡೆಯ ಒಬ್ಬ ಹಿರಿಯರು, ಒಂದು ಕಾಲದಲ್ಲಿ ‘ಸಂಪತ್ತಿಗೆ ಸವಾಲ್’ ನಾಟಕದಲ್ಲಿ ಸಾಹುಕಾರನ ಪಾರ್ಟು ಮಾಡಿದವರು, ಗಿಣಿಗೇರಾದ ಮಗಳ ಮನೆಗೆ ಬಂದಿದ್ದರು. ಹಲ್ಲಿಲ್ಲ, ಮಾತು ಹಾಗೇ ಇದೆ. ಕಟ್ಟೆಯ ಮೇಲೆ ಕೂತು ಎರಡು ಪುಟದಷ್ಟು ಮಾತು ಒಂದೇ ಉಸಿರಿನಲ್ಲಿ ಹೇಳಿದರು. ಮೊಮ್ಮಕ್ಕಳು ಮೊಬೈಲು ಕೆಳಗಿಟ್ಟು ನೋಡಿದವು.

“ಸಿನಿಮಾ ನೋಡೀರೇನು ಅಜ್ಜಾರ?”

“ನೋಡೇವಲ್ಲ. ಕೊಪ್ಪಳದಾಗ. ಚಕ್ಕಡಿ ಕಟಿಗೊಂಡು ಹೋಗಿದ್ವಿ. ವಜ್ರಮುನಿ ಚಲೋ ಮಾಡ್ಯಾನ, ಇಲ್ಲಂತ ಅನ್ನಂಗಿಲ್ಲ. ಆದ್ರ ಆ ಮಾತು ಹಂಗಲ್ಲ, ಎದಿಯಿಂದ ಬರಬೇಕು, ಗಂಟಲಾಗಿಂದ ಅಲ್ಲ.”

“ಧುತ್ತರಗಿಯವರ ಹೆಸರು ಪರದೆ ಮೇಲೆ ಬಂದಿತ್ತೇನು?”

ಅಜ್ಜ ಸ್ವಲ್ಪ ಹೊತ್ತು ನೆನಪು ಮಾಡಿಕೊಂಡರು.

“ಬಂದಿರಬೇಕಪಾ. ಹೆಸರು ಬರೂ ಹೊತ್ತಿಗೆ ನಾವು ಇನ್ನಾ ಗೇಟಿನ್ಯಾಗ ಟಿಕೀಟ ಹರಸಾಕತ್ತಿದ್ವಿ.”